ವಿಮೆಯ ಕರಾರು ಮತ್ತು ಹೈಕೋರ್ಟಿನ ಬಾಗಿಲು

(ಗಿರಣಿ ಕಾರ್ಮಿಕರ ಹಾಗೂ ಸಣ್ಣ ವರ್ತಕರ ಸಭೆಯಲ್ಲಿ ಮಾಡಿದ ಭಾಷಣ)



ಹಗಲು ಪಾಳಿ ಮುಗಿಸಿ ಮನೆಗೂ ಹೋಗದೆ, ಮೈಮೇಲಿನ ಹತ್ತಿಯ ಧೂಳಿನೊಡನೆಯೇ ಬಂದು ಕುಳಿತವರು ಇಲ್ಲಿ ಕಾಣುತ್ತಿದ್ದಾರೆ. ಸಂಜೆಯ ಗಿರಾಕಿಯನ್ನು ಬಿಟ್ಟು ಅಂಗಡಿಯ ಬಾಗಿಲೆಳೆದು ಬಂದವರೂ ಇದ್ದಾರೆ. ಆದುದರಿಂದ ಪೀಠಿಕೆಯನ್ನು ಬೆಳೆಸುವುದಿಲ್ಲ. ವಿಮಾ ಕಂಪೆನಿಯೊಂದು ಕೊಡಬೇಕಾದ ಹಣವನ್ನು ಕೊಡುವುದಿಲ್ಲ ಎಂದಾಗ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಬಹುದೇ, ಹಾಕಿದರೆ ಹೈಕೋರ್ಟು ಅದನ್ನು ಕೇಳಬೇಕೇ ಎಂಬುದು ಇಂದಿನ ವಿಷಯ. ಇದು ವಕೀಲರು ಮಾತನಾಡತಕ್ಕ ವಿಷಯ, ಮಾಸ್ತರಿಕೆ ಬಿಟ್ಟು ಪಕ್ಷದ ಕೆಲಸಕ್ಕೆ ಬಂದ ಮೆಟ್ರಿಕ್ ಓದಿನವರಿಗೆ ಇದೇಕೆ ಎಂದು ಯಾರಾದರೂ ಕೇಳಬಹುದು. ಕೇಳುವುದು ನ್ಯಾಯವೇ. ನಮ್ಮನ್ನು ಈ ವಿಷಯಕ್ಕೆ ಎಳೆದು ತಂದದ್ದು ಒಬ್ಬ ಹೆಣ್ಣುಮಗಳ ಪ್ರಶ್ನೆ. ಮೊದಲು ಆಕೆಯ ಸಂಗತಿಯನ್ನು ಹೇಳುತ್ತೇವೆ.

ಆಕೆಯ ಗಂಡ ನಮ್ಮೂರಿನ ಒಂದು ನೂಲಿನ ಗಿರಣಿಯಲ್ಲಿ ಕಾರ್ಡಿಂಗ್ ಖಾತೆಯಲ್ಲಿದ್ದ. ನಲವತ್ತೊಂದು ವರ್ಷ ವಯಸ್ಸು. ಖಾಸಗಿ ಕಂಪೆನಿಯೊಂದರಲ್ಲಿ 5 ಲಕ್ಷ ರೂಪಾಯಿಗೆ ಜೀವವಿಮೆ ಮಾಡಿಸಿದ್ದ. ಮಾಡಿಸಿದ ಏಜೆಂಟನು ನೆಂಟರ ಪೈಕಿ ಹುಡುಗನೇ. ಅರ್ಜಿ ಇಂಗ್ಲಿಷಿನಲ್ಲಿತ್ತು, ಹುಡುಗ ತುಂಬಿದ, ಈತ ತೋರಿಸಿದ ಕಡೆಯಲ್ಲೆಲ್ಲ ಕನ್ನಡದಲ್ಲಿ ರುಜು ಹಾಕಿದ. ಸಕ್ಕರೆ ಕಾಯಿಲೆ ಇದೆಯೇ ಎಂಬ ಪ್ರಶ್ನೆಯ ಮುಂದೆ ‘ಇಲ್ಲ’ ಎಂದು ಬರೆದಿದೆ. “ಶುಗರ್ ಐತಿ, ದಿನಾ ಮಾತ್ರೆ ತಗೋತೀನಿ ಅಂತ ನಮ್ಮನೆಯವರು ಆ ಹುಡುಗನಿಗೆ ನನ್ನೆದುರಿಗೇ ಹೇಳಿದರು ಮೇಷ್ಟ್ರೇ. ಅದೇನೂ ತೊಂದರೆಯಿಲ್ಲ ಬಿಡಿ ಮಾವ ಅಂದ” ಎನ್ನುತ್ತಾಳೆ ಆಕೆ. ಎರಡನೆಯ ವರ್ಷದ ಕಂತು ಕಟ್ಟಿ ನಾಲ್ಕು ತಿಂಗಳಿಗೆ ಎದೆನೋವು ಬಂದು ಆತ ತೀರಿಕೊಂಡ. ಆಸ್ಪತ್ರೆಯ ಕಾಗದದಲ್ಲಿ ಸಕ್ಕರೆ ಕಾಯಿಲೆಯ ಉಲ್ಲೇಖವಿತ್ತು. ಮೂರು ತಿಂಗಳಾದ ಮೇಲೆ ಕಂಪೆನಿಯಿಂದ ಎರಡು ಪುಟದ ಇಂಗ್ಲಿಷ್ ಪತ್ರ ಬಂತು. ಆಕೆ ಅದನ್ನು ಸೆರಗಿನಲ್ಲಿ ಸುತ್ತಿಕೊಂಡು ನಮ್ಮ ಕಚೇರಿಗೆ ತಂದಳು. ನಿಘಂಟನ್ನು ಪಕ್ಕಕ್ಕಿಟ್ಟುಕೊಂಡು ಓದಿದೆವು. ಸತ್ತವನು ಮುಖ್ಯ ಸಂಗತಿಯನ್ನು ಮುಚ್ಚಿಟ್ಟಿದ್ದರಿಂದ ಹಣ ಕೊಡಲಾಗದು ಎಂಬುದೇ ಎರಡು ಪುಟದ ಸಾರಾಂಶ.

ನಾವು ಆಕೆಯನ್ನು ಕರೆದುಕೊಂಡು ವಕೀಲರ ಹತ್ತಿರ ಹೋದೆವು. ಹೈಕೋರ್ಟಿಗೆ ರಿಟ್ ಹಾಕಿಬಿಡೋಣ ಎಂಬುದು ನಮ್ಮ ಉತ್ಸಾಹ. ವಕೀಲರು ಕಾಗದ ನೋಡಿ, “ಎಲ್ಲೈಸಿ ಆಗಿದ್ದರೆ ಒಂದು ಕೈ ನೋಡಬಹುದಾಗಿತ್ತು ಮೇಷ್ಟ್ರೇ, ಇದು ಖಾಸಗಿ, ಆ ಬಾಗಿಲಲ್ಲಿ ನಿಮ್ಮನ್ನು ನಿಲ್ಲಿಸಿಕೊಳ್ಳುವುದಿಲ್ಲ” ಎಂದರು. ಹಾಗಾಗಿ ಬೆಂಗಳೂರಿನ ವಿಮಾ ಓಂಬುಡ್ಸ್‌ಮನ್ ಅವರಿಗೆ ದೂರು ಬರೆದೆವು. ಅಲ್ಲಿ ಶುಲ್ಕವಿಲ್ಲ, ವಕೀಲರು ಬೇಕಿಲ್ಲ. ಅರ್ಜಿಯನ್ನು ಬೇರೆಯವರು ತುಂಬಿದ್ದಾದರೆ ‘ಇದರಲ್ಲಿರುವುದನ್ನು ಅರ್ಜಿದಾರನಿಗೆ ಅವನ ಭಾಷೆಯಲ್ಲಿ ತಿಳಿಸಿ ಹೇಳಿದ್ದೇನೆ’ ಎಂದು ತುಂಬಿದವರು ರುಜು ಮಾಡತಕ್ಕ ಜಾಗವೊಂದು ಫಾರಮಿನಲ್ಲೇ ಇರುತ್ತದೆ. ಈ ಫಾರಮಿನಲ್ಲಿ ಆ ಜಾಗ ಖಾಲಿ. ವಿಚಾರಣೆಯಲ್ಲಿ ಅದನ್ನು ತೋರಿಸಿದೆವು. ತೀರ್ಪು ಆಕೆಯ ಪರವಾಗಿ ಆಯಿತು. ಓಂಬುಡ್ಸ್‌ಮನ್ ಕೊಟ್ಟ ಐತೀರ್ಪು ಕಂಪೆನಿಯನ್ನು ಕಟ್ಟಿಹಾಕುತ್ತದೆ, ಮೂವತ್ತು ದಿನಗಳಲ್ಲಿ ಅದರಂತೆ ನಡೆಯಬೇಕು ಎಂದು ನಿಯಮವಿದೆ. ನಾವು ಕಚೇರಿಯಲ್ಲಿ ಎಲ್ಲರಿಗೂ ಚಹಾ ತರಿಸಿದೆವು.

ಇಪ್ಪತ್ತೆಂಟನೆಯ ದಿನ ನೋಟೀಸು ಬಂತು. ಆ ತೀರ್ಪನ್ನು ರದ್ದುಮಾಡಬೇಕೆಂದು ಕಂಪೆನಿ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಿತ್ತು, ತಡೆಯಾಜ್ಞೆಯೂ ಸಿಕ್ಕಿತ್ತು. ಆಗ ಆಕೆ ಕೇಳಿದ ಪ್ರಶ್ನೆ ಇದು: “ನಾವು ಹೋದರೆ ತೆಗೆಯಲ್ಲ ಅಂದ ಬಾಗಿಲು ಅವರು ಹೋದರೆ ಹೆಂಗೆ ತೆಗೀತು ಮೇಷ್ಟ್ರೇ?”

ಕಾನೂನಿನಲ್ಲಿ ಇದಕ್ಕೆ ಉತ್ತರವಿದೆ. ಓಂಬುಡ್ಸ್‌ಮನ್ ಎಂಬುವರು ಸರಕಾರದ ನಿಯಮಗಳ ಕೆಳಗೆ ಕೆಲಸ ಮಾಡುವ ಅಧಿಕಾರಿ. ಅವರ ಆಜ್ಞೆಯನ್ನು ಹೈಕೋರ್ಟು ತಿದ್ದಬಹುದು. ಕಂಪೆನಿ ಹೋದದ್ದು ಆ ಆಜ್ಞೆಯ ಮೇಲೆ, ಆಕೆಯ ಮೇಲೆ ಅಲ್ಲ. ಆಕೆ ಹೋಗಬೇಕೆಂದದ್ದು ಒಂದು ಖಾಸಗಿ ಕಂಪೆನಿಯ ಮೇಲೆ. ಉತ್ತರ ಸರಿಯಾಗಿದೆ. ಆದರೆ ಸರಿಯಾದ ಉತ್ತರವನ್ನು ಎದುರಿಗೆ ಕುಳಿತವಳಿಗೆ ಹೇಳಲು ನಾಲಿಗೆ ಏಳಲಿಲ್ಲ. ಆ ದಿನದಿಂದ ಈ ರಿಟ್ ಎಂಬುದೇನು, ವಿಮೆಗೂ ಅದಕ್ಕೂ ಏನು ಸಂಬಂಧ ಎಂದು ಓದುತ್ತ ಬಂದಿದ್ದೇವೆ. ಓದಿ ತಿಳಿದದ್ದನ್ನು ನಿಮ್ಮ ಮುಂದಿಡುತ್ತೇವೆ.

ನಮ್ಮ ರಾಜ್ಯಾಂಗದ 226ನೆಯ ಅನುಚ್ಛೇದ ಹೈಕೋರ್ಟುಗಳಿಗೆ ಒಂದು ದೊಡ್ಡ ಅಧಿಕಾರವನ್ನು ಕೊಟ್ಟಿದೆ. ಮೂಲಭೂತ ಹಕ್ಕುಗಳನ್ನು ಕಾಪಾಡುವುದಕ್ಕಾಗಿ, ಮತ್ತು ಬೇರೆ ಯಾವುದೇ ಉದ್ದೇಶಕ್ಕಾಗಿ, ಯಾವುದೇ ವ್ಯಕ್ತಿಗೆ ಅಥವಾ ಅಧಿಕಾರ ಸಂಸ್ಥೆಗೆ ಹೈಕೋರ್ಟು ಆಜ್ಞೆ ಮಾಡಬಹುದು ಎಂದು ಅದರ ತಾತ್ಪರ್ಯ. ‘ಯಾವುದೇ ವ್ಯಕ್ತಿಗೆ’ ಎಂಬ ಮಾತನ್ನು ಗಮನಿಸಿ. ಅಕ್ಷರದ ಮಟ್ಟಿಗೆ ನೋಡಿದರೆ ಖಾಸಗಿ ಕಂಪೆನಿ ಅದರ ಹೊರಗೇನೂ ಇಲ್ಲ. ಆದರೆ ಕೋರ್ಟುಗಳು ಮೊದಲಿನಿಂದಲೂ ತಮಗೆ ತಾವೇ ಒಂದು ಗೆರೆ ಎಳೆದುಕೊಂಡಿವೆ. ಸರಕಾರ ಅಥವಾ ಸರಕಾರದ ಅಂಗದಂತಿರುವ ಸಂಸ್ಥೆಯ ಮೇಲೆ ರಿಟ್ ನಡೆಯುತ್ತದೆ. ಇಬ್ಬರು ಖಾಸಗಿಯವರ ನಡುವಿನ ಕರಾರಿಗೆ ಸಿವಿಲ್ ಕೋರ್ಟಿನ ದಾವೆಯೇ ದಾರಿ.

ಹಾಗಾದರೆ ಎಲ್ಲೈಸಿಯ ಮೇಲೆ ರಿಟ್ ಹೇಗೆ ನಡೆಯುತ್ತದೆ? ಇಲ್ಲಿ ಸ್ವಲ್ಪ ಚರಿತ್ರೆ ಬೇಕು. 1956ರ ಜನವರಿ 19ರಂದು ಸರಕಾರ ಒಂದು ಆಧ್ಯಾದೇಶದಿಂದ ಜೀವವಿಮೆಯ ವ್ಯವಹಾರವನ್ನು ಕೈಗೆ ತೆಗೆದುಕೊಂಡಿತು. ಸಿ.ಡಿ. ದೇಶಮುಖರು ಆಗ ಅರ್ಥ ಸಚಿವರು. ಅದಕ್ಕೆ ಒಂದು ತಿಂಗಳ ಹಿಂದೆಯೇ ಫಿರೋಜ್ ಗಾಂಧಿಯವರು ಲೋಕಸಭೆಯಲ್ಲಿ ಎದ್ದು ನಿಂತು, ವಿಮೆಯ ಕಂತು ಕಟ್ಟಿದ ಸಾಮಾನ್ಯರ ಹಣವನ್ನು ದೊಡ್ಡ ಬಂಡವಳಿಗರು ತಮ್ಮ ಸ್ವಂತ ವ್ಯವಹಾರಕ್ಕೆ ಹೇಗೆ ಹರಿಸಿಕೊಂಡಿದ್ದಾರೆಂಬುದನ್ನು ಬಿಡಿಸಿ ಹೇಳಿದ್ದರು. 154 ದೇಶೀಯ ಕಂಪೆನಿಗಳು, 16 ವಿದೇಶೀ ಕಂಪೆನಿಗಳು, 75 ಪ್ರಾವಿಡೆಂಟ್ ಸಂಘಗಳು, ಒಟ್ಟು 245 ಸಂಸ್ಥೆಗಳು ಸೇರಿ ಸೆಪ್ಟೆಂಬರ್ 1ರಂದು ಜೀವವಿಮಾ ನಿಗಮವಾಯಿತು. 1973ರಲ್ಲಿ ಬೆಂಕಿ, ವಾಹನ ಮುಂತಾದ ಸಾಮಾನ್ಯ ವಿಮೆಯ 107 ಕಂಪೆನಿಗಳನ್ನು ನಾಲ್ಕು ಸರಕಾರಿ ಕಂಪೆನಿಗಳಾಗಿ ಕೂಡಿಸಿದರು. ಸರಕಾರಿ ನಿಗಮವಾದರೂ ತಪ್ಪು ನಡೆಯುವುದಿಲ್ಲವೆಂದು ನಾವು ಹೇಳುವುದಿಲ್ಲ. ನಿಗಮ ಹುಟ್ಟಿ ಎರಡು ವರ್ಷ ತುಂಬುವ ಮೊದಲೇ ಮುಂಧ್ರಾ ಹಗರಣ ಬಂತು, ಅದನ್ನೂ ಎತ್ತಿದವರು ಅದೇ ಫಿರೋಜ್ ಗಾಂಧಿ. 1975ರಲ್ಲಿ ಸುಪ್ರೀಂ ಕೋರ್ಟು, ಜೀವವಿಮಾ ನಿಗಮವೂ ರಾಜ್ಯಾಂಗದ ಅರ್ಥದಲ್ಲಿ ‘ರಾಜ್ಯ’ವೇ ಎಂದು ಹೇಳಿತು. ಅಂದರೆ ಸರಕಾರ ಹೇಗೆ ಮನಬಂದಂತೆ ನಡೆಯಕೂಡದೋ ನಿಗಮವೂ ಹಾಗೆ ನಡೆಯಕೂಡದು. ಹೈಕೋರ್ಟಿನ ಬಾಗಿಲು ವಿಮೆದಾರನಿಗೆ ತೆರೆದದ್ದು ಹೀಗೆ.

1999ರ ಕಾಯಿದೆಯ ಮೇಲೆ 2000ದಲ್ಲಿ ಖಾಸಗಿ ಕಂಪೆನಿಗಳು ಮತ್ತೆ ಬಂದವು. ವಿದೇಶೀ ಬಂಡವಾಳದ ಪಾಲು ಮೊದಲು ನೂರಕ್ಕೆ 26, 2015ರಲ್ಲಿ 49, 2021ರಲ್ಲಿ 74 ಎಂದು ಏರಿತು. ಪರಿಣಾಮವನ್ನು ನಮ್ಮ ಗಿರಣಿಯಲ್ಲೇ ನೋಡಿ. ಒಂದೇ ಖಾತೆಯಲ್ಲಿ ಅಕ್ಕಪಕ್ಕದ ಯಂತ್ರದಲ್ಲಿ ಇಬ್ಬರಿದ್ದಾರೆ. ಒಬ್ಬನದು ಎಲ್ಲೈಸಿ ಪಾಲಿಸಿ, ಇನ್ನೊಬ್ಬನದು ಖಾಸಗಿ. ಕಂತು ಹೆಚ್ಚುಕಡಿಮೆ ಒಂದೇ, ಷರತ್ತೂ ಅದೇ, ಇಬ್ಬರ ಮೇಲೂ ಅನ್ವಯಿಸುವುದು 1938ರ ಅದೇ ವಿಮಾ ಕಾಯಿದೆ. ಇಬ್ಬರ ಹೆಂಡಿರಿಗೂ ಒಂದೇ ಕಾರಣ ಹೇಳಿ ಹಣ ನಿರಾಕರಿಸಿದರೆ, ಒಬ್ಬಳು ‘ಇದು ಅನ್ಯಾಯದ ನಿರಾಕರಣೆ’ ಎಂದು ಹೈಕೋರ್ಟನ್ನು ಕೇಳಬಹುದು, ಮತ್ತೊಬ್ಬಳು ಕೇಳಲಾರಳು. ಏಜೆಂಟನು ಪಾಲಿಸಿ ಮಾರುವಾಗ ಲಾಭದ ಲೆಕ್ಕವನ್ನೆಲ್ಲ ಬರೆದು ತೋರಿಸುತ್ತಾನೆ. ಈ ವ್ಯತ್ಯಾಸವನ್ನು ಹೇಳಿದ ಏಜೆಂಟನನ್ನು ನಾವಂತೂ ಕಂಡಿಲ್ಲ.

ಆ ಬಾಗಿಲು ತೆರೆದಿದ್ದವರಿಗೆ ಏನು ಸಿಕ್ಕಿತು ಎಂಬುದನ್ನೂ ನೋಡಬೇಕು.

1995ರ ಒಂದು ತೀರ್ಪು ನಮ್ಮಂಥವರಿಗೆ ಬಹಳ ದೊಡ್ಡದು. ಎಲ್ಲೈಸಿಯಲ್ಲಿ ಕಡಿಮೆ ಕಂತಿನ ಅವಧಿ ವಿಮೆಯ ಯೋಜನೆಯೊಂದಿತ್ತು. ಅದನ್ನು ಸರಕಾರಿ, ಅರೆಸರಕಾರಿ ನೌಕರರಿಗೆ ಮತ್ತು ಹೆಸರಾಂತ ವ್ಯಾಪಾರಸಂಸ್ಥೆಗಳ ಸಂಬಳದಾರರಿಗೆ ಮಾತ್ರ ಕೊಡುತ್ತಿದ್ದರು. ಹಮಾಲನಿಗಿಲ್ಲ, ಬೀಡಿ ಕಟ್ಟುವವಳಿಗಿಲ್ಲ, ಕಿರಾಣಿ ಅಂಗಡಿಯವನಿಗಿಲ್ಲ. ತಿಂಗಳ ಸಂಬಳ ಬಾರದವನ ಮನೆಗೆ ಸಾವು ಬರುವುದಿಲ್ಲವೆಂದು ತಿಳಿದಿದ್ದರೋ ಏನೋ! ಅಹಮದಾಬಾದಿನ ಗ್ರಾಹಕರ ಸಂಸ್ಥೆಯೊಂದು ಇದನ್ನು ಪ್ರಶ್ನಿಸಿತು. ಈ ನಿರ್ಬಂಧ ಸಮಾನತೆಯ ಹಕ್ಕಿಗೆ ವಿರುದ್ಧ, ವಿಮೆಯೆಂಬುದು ಸಾಮಾಜಿಕ ಭದ್ರತೆಯ ಭಾಗ ಎಂದು ಸುಪ್ರೀಂ ಕೋರ್ಟು ಹೇಳಿ ಆ ಷರತ್ತನ್ನು ತೆಗೆದುಹಾಕಿತು. ಯಾವ ತಾಲ್ಲೂಕಿನ ಮುನಸೀಫ್ ಕೋರ್ಟಿನಲ್ಲಿ ದಾವೆ ಹಾಕಿದ್ದರೂ ಇದು ಆಗುತ್ತಿರಲಿಲ್ಲ. ದಾವೆ ಹಾಕಲು ಕರಾರು ಇರಬೇಕು. ಇಲ್ಲಿ ಕರಾರನ್ನೇ ಮಾಡಿಕೊಳ್ಳುವುದಿಲ್ಲ ಎನ್ನುತ್ತಿದ್ದರು.

2001ರಲ್ಲಿ ಇನ್ನೊಂದು ತೀರ್ಪು. ಒಬ್ಬರು ಸರಕಾರಿ ವಿಮಾ ಕಂಪೆನಿಯೊಂದರಲ್ಲಿ ಆಸ್ಪತ್ರೆ ಖರ್ಚಿನ ವಿಮೆ ಮಾಡಿಸಿದ್ದರು. ಹಣ ಕೊಡದಿದ್ದಾಗ ವ್ಯಾಜ್ಯ ಹೂಡಿದರು. ವ್ಯಾಜ್ಯ ಹೂಡಿದವನೆಂಬ ಸಿಟ್ಟಿಗೆ ಕಂಪೆನಿ ಮುಂದಿನ ವರ್ಷ ಪಾಲಿಸಿಯನ್ನೇ ನವೀಕರಿಸಲಿಲ್ಲ. ವಯಸ್ಸಾದ ಮೇಲೆ ಹಳೆಯ ಪಾಲಿಸಿ ತಪ್ಪಿತೆಂದರೆ ಹೊಸದು ಸಿಗುವುದು ಎಷ್ಟು ಕಷ್ಟ ಎಂಬುದು ನಿಮಗೆ ಗೊತ್ತು. ಹೀಗೆ ನಿರಾಕರಿಸುವುದು ನಿರಂಕುಶ ನಡವಳಿಕೆ ಎಂದು ಸುಪ್ರೀಂ ಕೋರ್ಟು ಹೇಳಿ ನವೀಕರಣ ಕೊಡಿಸಿತು.

ಇನ್ನು 2003ರ ಡಿಸೆಂಬರಿನ ತೀರ್ಪು. ಇದು ನಮ್ಮ ಪ್ರಶ್ನೆಗೆ ನೇರವಾಗಿ ಸಂಬಂಧಿಸಿದ್ದು. ವ್ಯಾಪಾರಿ ಸಂಸ್ಥೆಯೊಂದು ಕಜಾಕಿಸ್ತಾನಕ್ಕೆ ಚಹಾ ರಫ್ತು ಮಾಡಿತ್ತು. ಅಲ್ಲಿಂದ ಹಣ ಬಾರದಿದ್ದರೆ ತುಂಬಿಕೊಡುವೆವೆಂದು ಕೇಂದ್ರ ಸರಕಾರದ ರಫ್ತು ಸಾಲ ಖಾತರಿ ನಿಗಮ ವಿಮೆ ಕೊಟ್ಟಿತ್ತು. ಹಣ ಬರಲಿಲ್ಲ, ನಿಗಮ ಕೊಡಲಿಲ್ಲ. ಇದು ಬರಿಯ ಕರಾರಿನ ಹಣದ ವ್ಯಾಜ್ಯ, ರಿಟ್ ಕೂಡದು ಎಂದು ನಿಗಮ ವಾದಿಸಿತು. ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಎದುರಿಗಿರುವುದು ‘ರಾಜ್ಯ’ದ ಅಂಗವಾಗಿದ್ದು, ಕಾಗದಪತ್ರಗಳನ್ನು ಓದಿಯೇ ತೀರ್ಮಾನಿಸಬಹುದಾಗಿದ್ದರೆ, ಹಣ ಕೊಡಿಸುವ ವಿಮಾ ಕರಾರಿನ ವಿಷಯದಲ್ಲೂ ರಿಟ್ ನಡೆಯಬಹುದು ಎಂದು ಹೇಳಿತು.

ಇದಕ್ಕೆ ಮೂರು ವರ್ಷ ಹಿಂದೆ, 2000ದ ಡಿಸೆಂಬರಿನಲ್ಲಿ, ಅದೇ ಸುಪ್ರೀಂ ಕೋರ್ಟಿನ ಮುಂದೆ ಒಬ್ಬ ವಿಧವೆಯ ಪ್ರಕರಣ ಬಂದಿತ್ತು. ಗಂಡ ರೋಗವನ್ನು ಮುಚ್ಚಿಟ್ಟು ಪಾಲಿಸಿ ಪಡೆದನೆಂದು ಎಲ್ಲೈಸಿ ಹಣ ನಿರಾಕರಿಸಿತ್ತು. ವಿಮೆಯ ಹಣಕ್ಕಾಗಿ ರಿಟ್ ಹಾಕಲೇಕೂಡದು ಎಂದೇನಿಲ್ಲ. ಆದರೆ ಸಂಗತಿಯೇ ವಿವಾದದಲ್ಲಿದ್ದು ಸಾಕ್ಷಿ ವಿಚಾರಣೆ ಬೇಕಾಗುವ ಕಡೆ ಸಿವಿಲ್ ಕೋರ್ಟೇ ಯೋಗ್ಯವಾದ ಜಾಗ ಎಂದು ಆಗ ಹೇಳಿದರು.

ಈ ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ನಾವು ಬಹಳ ದಿನ ಯೋಚಿಸಿದೆವು. ಎರಡೂ ತೀರ್ಪಿನಲ್ಲಿ ನಿಯಮ ಒಂದೇ. ಕಾಗದದಿಂದ ತೀರುವುದಾದರೆ ಹೈಕೋರ್ಟು, ಬಾಯಿಮಾತಿನ ಸಾಕ್ಷಿ ಬೇಕಾದರೆ ಸಿವಿಲ್ ಕೋರ್ಟು. ಕೇಳಲು ನ್ಯಾಯವಾಗಿದೆ. ಹೈಕೋರ್ಟಿನ ರಿಟ್‌ನಲ್ಲಿ ಪ್ರಮಾಣಪತ್ರಗಳನ್ನು ಓದುತ್ತಾರೆಯೇ ಹೊರತು ಸಾಕ್ಷಿಕಟ್ಟೆಯಲ್ಲಿ ಜನರನ್ನು ನಿಲ್ಲಿಸಿ ಪಾಟೀಸವಾಲು ಮಾಡುವುದು ರೂಢಿಯಲ್ಲಿಲ್ಲ. ಆದರೆ ಕಾಗದ ಇರುವುದು ಯಾರ ಬಳಿ? ಚಹಾ ಕಳಿಸಿದ ಸಂಸ್ಥೆಯ ಬಳಿ ಕರಾರುಪತ್ರ, ಬ್ಯಾಂಕಿನ ಪತ್ರ, ತಿದ್ದುಪಡಿಯ ಪತ್ರ ಎಲ್ಲವೂ ಇದ್ದವು. ಕಾರ್ಡಿಂಗ್ ಖಾತೆಯ ನಮ್ಮ ಸಂಗಾತಿಯ ಕಡೆಗೆ ಇದ್ದದ್ದು ‘ಮಾತ್ರೆ ತಗೋತೀನಿ’ ಎಂದು ಅಡಿಗೆಮನೆಯ ಬಾಗಿಲಲ್ಲಿ ಆಡಿದ ಮಾತು. ಅದನ್ನು ಕೇಳಿದವಳು ಹೆಂಡತಿ, ಆಡಿದವನು ಸತ್ತಿದ್ದಾನೆ, ಕೇಳಿಸಿಕೊಂಡ ಏಜೆಂಟನು ಬೇರೆ ಕಂಪೆನಿಗೆ ಹೋಗಿದ್ದಾನೆ. ಬಡವರ ವ್ಯವಹಾರ ನಡೆಯುವುದೇ ಬಾಯಿಮಾತಿನಲ್ಲಿ. ಆದುದರಿಂದ ಹೈಕೋರ್ಟಿನ ಬಾಗಿಲನ್ನು ಎಲ್ಲ ಕಂಪೆನಿಗಳ ಮೇಲೂ ಅಗಲವಾಗಿ ತೆರೆದುಬಿಟ್ಟರೆ ಅದರೊಳಗೆ ಮೊದಲು ನುಗ್ಗುವವರು ಫೈಲು ಕಟ್ಟಿಟ್ಟುಕೊಂಡ ದೊಡ್ಡವರು. ನಮ್ಮ ಪಕ್ಷದಲ್ಲಿಯೇ ಕೆಲವರು ‘ಎಲ್ಲದಕ್ಕೂ ರಿಟ್ ಕೊಡಲಿ’ ಎನ್ನುತ್ತಾರೆ. ಅವರ ಮೇಲೆ ನಮಗೆ ಪ್ರೀತಿಯಿದೆ, ಆದರೆ ಈ ಒಂದು ಮಾತನ್ನು ಒಪ್ಪುವುದಿಲ್ಲ.

ಇಲ್ಲಿ ಕುಳಿತ ವರ್ತಕರೊಬ್ಬರು ಮೊನ್ನೆ ಇನ್ನೊಂದು ಬಗೆಯಲ್ಲಿ ಇದೇ ಸಂಶಯವನ್ನು ಎತ್ತಿದರು. “ಖಾಸಗಿ ಕರಾರಿಗೆಲ್ಲ ಹೈಕೋರ್ಟು ಕೈಹಾಕಿದರೆ ನಾಳೆ ನಮ್ಮ ಉದ್ರಿ ಪುಸ್ತಕಕ್ಕೂ ರಿಟ್ ಬರುತ್ತದಲ್ಲ ಮೇಷ್ಟ್ರೇ?” ಅದು ಹುಡುಗಾಟದ ಪ್ರಶ್ನೆಯಲ್ಲ. 2005ರಲ್ಲಿ ಸುಪ್ರೀಂ ಕೋರ್ಟು ಬಿನ್ನಿ ಕಂಪೆನಿಯ ಪ್ರಕರಣದಲ್ಲಿ ಇದನ್ನೇ ಯೋಚಿಸಿತು. ಬೆಂಗಳೂರಿನಲ್ಲಿ ಬಿನ್ನಿ ಮಿಲ್ಲಿನ ಹೆಸರು ಕೇಳದ ಗಿರಣಿ ಕಾರ್ಮಿಕನಿಲ್ಲ. ಆ ಕಂಪೆನಿಯ ಕೆಲವು ನೌಕರರನ್ನು ಕರಾರಿನ ಒಂದು ಷರತ್ತಿನ ಬಲದಿಂದ ಕೆಲಸದಿಂದ ತೆಗೆದಿದ್ದರು. ಖಾಸಗಿ ಸಂಸ್ಥೆಯ ಮೇಲೆಯೂ ರಿಟ್ ನಡೆಯಬಹುದು, ಆದರೆ ಅದು ಮಾಡುತ್ತಿರುವ ಕೆಲಸ ಸಾರ್ವಜನಿಕ ಕರ್ತವ್ಯವಾಗಿರಬೇಕು, ನಿರಾಕರಿಸಿದ್ದು ಆ ಕರ್ತವ್ಯವೇ ಆಗಿರಬೇಕು. ಬರಿಯ ಖಾಸಗಿ ನೌಕರಿಯ ಕರಾರಿಗೆ ನಡೆಯದು ಎಂದು ಕೋರ್ಟು ಹೇಳಿತು. ನೌಕರರು ಸೋತರು. ಆ ಸೋಲು ನಮಗೆ ಹಿಡಿಸುವುದಿಲ್ಲ. ಆದರೆ ಅಲ್ಲಿ ಹೇಳಿದ ಅಳತೆಗೋಲನ್ನು ವಿಮೆಗೆ ಹಿಡಿದು ನೋಡೋಣ.

ವಿಮೆಯ ಕಂಪೆನಿ ಮಾಡುವುದು ಉದ್ರಿ ಪುಸ್ತಕದಂಥ ಕೆಲಸವೇ? ನಿಮ್ಮ ಗೂಡ್ಸ್ ಆಟೋ ರಸ್ತೆಗಿಳಿಯಬೇಕಾದರೆ ಮೂರನೆಯವರ ನಷ್ಟಕ್ಕೆ ವಿಮೆ ಮಾಡಿಸಲೇಬೇಕು, ಇಲ್ಲದಿದ್ದರೆ ಪೊಲೀಸರು ಹಿಡಿಯುತ್ತಾರೆ. 1988ರ ಮೋಟಾರು ವಾಹನ ಕಾಯಿದೆಯೇ ಹಾಗೆ ಹೇಳುತ್ತದೆ. ಗಿರಾಕಿಯನ್ನು ಹಿಡಿದು ತಂದು ಕಂಪೆನಿಯ ಅಂಗಡಿಗೆ ಬಿಡುವವನು ಸರಕಾರ. ಬೆಳೆವಿಮೆಯನ್ನು ನೋಡಿ. 2016ರಲ್ಲಿ ಬಂದ ಪ್ರಧಾನಮಂತ್ರಿ ಫಸಲು ಬಿಮಾ ಯೋಜನೆಯಲ್ಲಿ ರೈತ ಮುಂಗಾರಿಗೆ ನೂರಕ್ಕೆ 2, ಹಿಂಗಾರಿಗೆ ಒಂದೂವರೆ, ವಾಣಿಜ್ಯ ಬೆಳೆಗೆ 5 ರೂಪಾಯಿ ಕಟ್ಟಬೇಕು. ಮಿಕ್ಕ ಕಂತನ್ನು ಕೇಂದ್ರ ಮತ್ತು ರಾಜ್ಯ ಸರಕಾರಗಳು ತುಂಬುತ್ತವೆ. ತುಂಬುವುದು ನಿಮ್ಮ ನಮ್ಮ ತೆರಿಗೆಯಿಂದ, ಪಡೆಯುವವರಲ್ಲಿ ಖಾಸಗಿ ಕಂಪೆನಿಗಳೂ ಇವೆ. ಬ್ಯಾಂಕಿನ ಸಾಲ ಪಡೆದ ರೈತನಿಗೆ 2020ರವರೆಗೆ ಇದು ಕಡ್ಡಾಯವೂ ಆಗಿತ್ತು. ಬ್ಯಾಂಕಿನ ಖಾತೆಯಿಂದ ವರ್ಷಕ್ಕೆ 436 ರೂಪಾಯಿ ತಾನಾಗಿಯೇ ಕಳೆದುಕೊಳ್ಳುವ 2 ಲಕ್ಷದ ಜೀವವಿಮೆ ಇಲ್ಲಿ ಎಷ್ಟು ಜನಕ್ಕಿಲ್ಲ? ಅದರ ಹಿಂದೆಯೂ ಎಲ್ಲೈಸಿಯೊಡನೆ ಖಾಸಗಿ ಕಂಪೆನಿಗಳಿವೆ. ಅಂಗಡಿಯ ಮೇಲೆ ಸಾಲ ತೆಗೆದವರಿಗೆ ದಾಸ್ತಾನಿನ ಬೆಂಕಿವಿಮೆಯನ್ನು ಬ್ಯಾಂಕೇ ಮಾಡಿಸಿ ಕಂತನ್ನು ಸಾಲದ ಖಾತೆಗೆ ಹಾಕುತ್ತದೆ. ಪಾಲಿಸಿಯ ಕಾಗದ ಬ್ಯಾಂಕಿನ ಕಪಾಟಿನಲ್ಲೇ ಇರುತ್ತದೆ, ಯಾವ ಗೋದಾಮಿನ ವಿಳಾಸ ಬರೆದಿದ್ದಾರೆಂಬುದು ಅಂಗಡಿ ಸುಟ್ಟ ಮೇಲೆ ತಿಳಿಯುತ್ತದೆ.

ಇನ್ನೂ ಒಂದು ಸಂಗತಿ. ಕಾನೂನು ಸೇವಾ ಪ್ರಾಧಿಕಾರಗಳ ಕಾಯಿದೆಗೆ 2002ರಲ್ಲಿ ತಿದ್ದುಪಡಿ ತಂದು ಖಾಯಂ ಲೋಕ ಅದಾಲತ್‌ಗಳನ್ನು ಮಾಡಿದರು. ಅವು ಕೇಳತಕ್ಕ ‘ಸಾರ್ವಜನಿಕ ಉಪಯುಕ್ತ ಸೇವೆ’ಗಳ ಪಟ್ಟಿಯಲ್ಲಿ ಸಾರಿಗೆ, ಅಂಚೆ, ವಿದ್ಯುತ್ತು, ನೀರು, ಆಸ್ಪತ್ರೆಗಳೊಡನೆ ವಿಮಾ ಸೇವೆಯೂ ಸೇರಿದೆ. ಸರಕಾರಿ ವಿಮೆ, ಖಾಸಗಿ ವಿಮೆ ಎಂಬ ಭೇದವನ್ನು ಅಲ್ಲಿ ಮಾಡಿಲ್ಲ. ಪಾರ್ಲಿಮೆಂಟೇ ನೀರು ದೀಪಗಳ ಸಾಲಿನಲ್ಲಿ ಕೂರಿಸಿದ ಸೇವೆಯನ್ನು, ಹೈಕೋರ್ಟಿನ ಬಾಗಿಲಲ್ಲಿ ಮಾತ್ರ ‘ಇದು ಇಬ್ಬರ ನಡುವಿನ ಖಾಸಗಿ ವ್ಯವಹಾರ’ ಎನ್ನುವುದು ಹೇಗೆ?

ನಮ್ಮ ಅಭಿಪ್ರಾಯ ಇಷ್ಟು. ಯಾರಿಗೆ ಎಷ್ಟು ಹಣ ಬರಬೇಕು, ರೋಗ ಮುಚ್ಚಿಟ್ಟನೋ ಇಲ್ಲವೋ, ಬೆಂಕಿ ಹೇಗೆ ಹೊತ್ತಿತು, ಇಂಥ ಲೆಕ್ಕಕ್ಕೆ ಹೈಕೋರ್ಟು ಬೇಡ. ಅದನ್ನು ಜನರ ಮುಖ ನೋಡಿ, ಮಾತು ಕೇಳಿ ತೀರ್ಮಾನಿಸುವ ಹತ್ತಿರದ ಕೋರ್ಟು ಬೇಕು. ಆದರೆ ಕಾಯಿದೆಯ ಬಲವಂತದಿಂದಲೋ ಖಜಾನೆಯ ಹಣದಿಂದಲೋ ನಡೆಯುವ ವಿಮೆಯಲ್ಲಿ, ಕಂಪೆನಿ ಒಂದು ವರ್ಗದ ಜನರನ್ನೇ ಹೊರಗಿಟ್ಟರೆ, ಹಕ್ಕು ಕೇಳಿದ್ದಕ್ಕೆ ಸೇಡು ತೀರಿಸಿಕೊಂಡರೆ, ಕಾಯಿದೆಯ ಸ್ಪಷ್ಟ ಕಲಮನ್ನೇ ಮೀರಿ ಹಣ ತಡೆಹಿಡಿದರೆ, ಆಗ ಕಂಪೆನಿ ಯಾರದೆಂದು ಕೇಳದೆ ಹೈಕೋರ್ಟು ಕೇಳಬೇಕು. ಅಲ್ಲಿ ಸಾಕ್ಷಿ ವಿಚಾರಣೆಯ ಪ್ರಶ್ನೆಯೇ ಏಳುವುದಿಲ್ಲ. ಉದಾಹರಣೆಗೆ ವಿಮಾ ಕಾಯಿದೆಯ 45ನೆಯ ಕಲಮು. 2015ರ ತಿದ್ದುಪಡಿಯ ನಂತರ, ಜೀವವಿಮೆಯ ಪಾಲಿಸಿಗೆ ಮೂರು ವರ್ಷ ತುಂಬಿದ ಮೇಲೆ ಯಾವ ಕಾರಣಕ್ಕೂ ಅದನ್ನು ಪ್ರಶ್ನಿಸುವಂತಿಲ್ಲ. ಮೂರು ವರ್ಷ ತುಂಬಿತೋ ಇಲ್ಲವೋ ಎಂಬುದಕ್ಕೆ ಬೇಕಾದದ್ದು ಕ್ಯಾಲೆಂಡರು. ತುಂಬಿದ ಪಾಲಿಸಿಗೂ ‘ರೋಗ ಮುಚ್ಚಿಟ್ಟ’ ಎಂಬ ಪತ್ರ ಬರೆಯುವ ಕಂಪೆನಿಯ ಮೇಲೆ ಆಜ್ಞೆ ಮಾಡಲು ಹೈಕೋರ್ಟಿಗೆ ಒಂದು ದಿನ ಸಾಕು.

ಹತ್ತಿರದ ಕೋರ್ಟಿನ ಮಾತೆತ್ತಿದೆವು. ಅದು ಮಾಡಲಾರದ ಕೆಲಸವೇನಲ್ಲ. ಅಪಘಾತದಲ್ಲಿ ಸತ್ತವನ ಮನೆಯವರಿಗೆ ಮೋಟಾರು ಅಪಘಾತ ನ್ಯಾಯಮಂಡಳಿ ಇದೆ. ಅವರು ತಾವಿರುವ ಜಿಲ್ಲೆಯಲ್ಲೇ ಅರ್ಜಿ ಹಾಕಬಹುದು, ತಾವು ಯಾವ ಕರಾರಿಗೂ ರುಜು ಮಾಡಿರದಿದ್ದರೂ ಲಾರಿಯ ವಿಮಾ ಕಂಪೆನಿಯಿಂದ ನೇರವಾಗಿ ಹಣ ಪಡೆಯಬಹುದು. ಮನಸ್ಸು ಮಾಡಿದಾಗ ಕಾಯಿದೆ ಇಷ್ಟು ಹತ್ತಿರ ಬರುತ್ತದೆ. ಮಿಕ್ಕ ವಿಮೆಗೆ ಜಿಲ್ಲಾ ಗ್ರಾಹಕರ ಆಯೋಗವಿದೆ. ನೀವು ಕಟ್ಟಿದ ಕಂತು 5 ಲಕ್ಷ ಮೀರದಿದ್ದರೆ ಅಲ್ಲಿ ಶುಲ್ಕವಿಲ್ಲ. ಬಾಗಿಲು ಹತ್ತಿರದ್ದೇ, ಆದರೆ ಒಳಗೆ ಹೋಗಿ ಕುಳಿತವರ ಗತಿ ಕೇಳಿ. 2002ರಲ್ಲಿ ಗುಜರಾತಿನ ಗಲಭೆಯಲ್ಲಿ ವಾಹನ ಮಾರುವ ಕೆಲವು ಸಂಸ್ಥೆಗಳ ಸ್ವತ್ತು ಸುಟ್ಟಿತು. ಅವರು ಗ್ರಾಹಕರ ಆಯೋಗಕ್ಕೆ ಹೋದಾಗ, ‘ನೀವು ವ್ಯಾಪಾರಿಗಳು, ಗ್ರಾಹಕರಲ್ಲ’ ಎಂದು ವಿಮಾ ಕಂಪೆನಿ ತಕರಾರು ತೆಗೆಯಿತು. ವ್ಯಾಪಾರಿ ತನ್ನ ಸ್ವತ್ತಿಗೆ ವಿಮೆ ಮಾಡಿಸುವುದು ಲಾಭ ಸಂಪಾದನೆಗಲ್ಲ, ನಷ್ಟ ತುಂಬಿಕೊಳ್ಳುವುದಕ್ಕೆ. ಆದ್ದರಿಂದ ಅವನೂ ಗ್ರಾಹಕನೇ ಎಂದು ಸುಪ್ರೀಂ ಕೋರ್ಟು ಕೊನೆಯ ಮಾತು ಹೇಳಿದ್ದು 2023ರ ಏಪ್ರಿಲಿನಲ್ಲಿ. ವರ್ತಕ ಬಂಧುಗಳು ಈ ತೀರ್ಪನ್ನು ನೆನಪಿಡಬೇಕು, ನಿಮಗೆ ಅದರಿಂದ ಉಪಯೋಗವಿದೆ. ಆದರೆ ಬಾಗಿಲೊಳಗೆ ಬರಬಹುದೋ ಬಾರದೋ ಎಂಬುದೊಂದನ್ನು ತೀರ್ಮಾನಿಸಲು ಇಪ್ಪತ್ತೊಂದು ವರ್ಷ ಹಿಡಿಯಿತು. ಆದುದರಿಂದ ಜಿಲ್ಲಾ ಆಯೋಗದಲ್ಲಿ ಸದಸ್ಯರ ಜಾಗ ಖಾಲಿ ಬಿದ್ದರೆ ಅದರ ಮೇಲೆ ಮೆರವಣಿಗೆ ತೆಗೆಯುವುದು, ಅರ್ಜಿಯ ಫಾರಮು ಕನ್ನಡದಲ್ಲಿ ಬರಲಿ ಎಂದು ಒತ್ತಾಯಿಸುವುದು ನಮಗೆ ಹೈಕೋರ್ಟಿನ ತೀರ್ಪುಗಳಿಗಿಂತ ಕಡಿಮೆಯ ಕೆಲಸವಲ್ಲ.

ಆ ಹೆಣ್ಣುಮಗಳ ಪ್ರಕರಣ ಹೈಕೋರ್ಟಿನಲ್ಲಿ ಇನ್ನೂ ವಿಚಾರಣೆಗೆ ಬಂದಿಲ್ಲ. ಅವಳ ಕಡೆಗೆ ವಕೀಲರನ್ನಿಡಲು ಕಾನೂನು ಸೇವಾ ಸಮಿತಿಗೆ ಅರ್ಜಿ ಕೊಟ್ಟಿದ್ದೇವೆ. ಹೆಂಗಸರಿಗೆ ಆದಾಯದ ಮಿತಿಯಿಲ್ಲದೆ ಅಲ್ಲಿ ನೆರವು ಸಿಗುತ್ತದೆ. ಆಕೆ ಈಗ ಗಂಡ ಕೆಲಸ ಮಾಡುತ್ತಿದ್ದ ಗಿರಣಿಯಲ್ಲೇ ಕಸಗುಡಿಸುವ ಕೆಲಸಕ್ಕೆ ಸೇರಿದ್ದಾಳೆ. ಮೊನ್ನೆ ಅವಳಿಗೂ 436 ರೂಪಾಯಿಯ ವಿಮೆಗೆ ಬ್ಯಾಂಕಿನವರು ರುಜು ಹಾಕಿಸಿಕೊಂಡರಂತೆ. ಹಾಕುವ ಮೊದಲು ಫಾರಮನ್ನು ಪೂರ್ತಿ ಓದಿಸಿಕೊಂಡಳಂತೆ. ಹಿಂದೆ ಸರದಿಯಲ್ಲಿ ನಿಂತವರು ಬೈದರೂ ಬಿಡಲಿಲ್ಲವಂತೆ.

ನಿಮ್ಮಲ್ಲಿ ಯಾರ ಯಾರ ಮನೆಯಲ್ಲಿ ಪಾಲಿಸಿಗಳಿವೆಯೋ, ಬ್ಯಾಂಕಿನ ಕಪಾಟಿನಲ್ಲಿವೆಯೋ, ಮುಂದಿನ ಭಾನುವಾರ ಬೆಳಿಗ್ಗೆ ಹತ್ತು ಗಂಟೆಗೆ ಅವನ್ನು ಅಥವಾ ಅವುಗಳ ನಕಲನ್ನು ಕಚೇರಿಗೆ ತನ್ನಿ. ಹೆಸರು, ವಿಳಾಸ, ವಾರಸುದಾರರು, ಕಾಯಿಲೆಯ ಕಾಲಮು, ಗೋದಾಮಿನ ಜಾಗ, ಇಷ್ಟನ್ನು ಕೂತು ನೋಡೋಣ. ತಪ್ಪಿದ್ದರೆ ಈಗಲೇ ತಿದ್ದಿಸಲು ಕಾಗದ ಬರೆದು ರಸೀತಿ ಸಿಗುವ ಅಂಚೆಯಲ್ಲಿ ಕಳಿಸಿ, ರಸೀತಿಯನ್ನು ಇಟ್ಟುಕೊಳ್ಳೋಣ. ನಮ್ಮ ಕಡೆಗೂ ನಾಲ್ಕು ಕಾಗದ ಇರಲಿ. ಅಕ್ಷರ ಬಹಳ ಸಣ್ಣದೆಂದು ಅಂಜಬೇಡಿ, ಕಚೇರಿಗೆ ಒಂದು ಭೂತಗನ್ನಡಿ ತಂದಿಟ್ಟಿದ್ದೇವೆ.